ವೇಷ ಹಾಕಿ ಕ್ಯಾಮೆರಾ ಮುಂದೆ ನಿಂತರೆ ಕಲೆಯೇ? ಪುಷ್ಪಮಾಲಾ ಎನ್. ಬಗ್ಗೆ ಚರ್ಚೆ

ಮಂಜುಮುಸುಕು, ಮಡಿಕೇರಿ:
ನಮಸ್ಕಾರ. ಎಂ.ಎ. ಪ್ರಬಂಧಕ್ಕೆ ಬೆಂಗಳೂರಿನ ಪುಷ್ಪಮಾಲಾ ಎನ್. ಅವರನ್ನು ಆರಿಸಿಕೊಂಡಿದ್ದೇನೆ. ಹೆಸರು ಕೇಳಿಲ್ಲದವರಿಗೆ ಎರಡು ಮಾತು: ಹುಟ್ಟಿದ್ದು 1956ರಲ್ಲಿ, ಬೆಂಗಳೂರಿನಲ್ಲಿ. ಬಾಲನ್ ನಂಬಿಯಾರ್ ಹತ್ತಿರ ಶಿಲ್ಪ ಕಲಿಯಲು ಶುರುಮಾಡಿ, ಆಮೇಲೆ ಬರೋಡಾದ ಎಂ.ಎಸ್. ವಿಶ್ವವಿದ್ಯಾಲಯಕ್ಕೆ ಹೋದರು. 80ರ ದಶಕದಲ್ಲಿ ಟೆರಾಕೋಟಾ ಶಿಲ್ಪಕ್ಕೆ ಹೆಸರಾದವರು. 90ರ ದಶಕದ ನಡುವಿನಲ್ಲಿ ಮಣ್ಣು ಬಿಟ್ಟು ತಾವೇ ವೇಷ ಕಟ್ಟಿ ಕ್ಯಾಮೆರಾ ಮುಂದೆ ನಿಂತರು. ಆಮೇಲೆ ಪುಟ್ಟ ಪುಟ್ಟ ಪ್ರಾಯೋಗಿಕ ಸಿನಿಮಾ, ವೇದಿಕೆ ಪ್ರದರ್ಶನ.

ನನ್ನ ತೊಡಕು ಇಷ್ಟೇ. ಗೈಡ್ ಕೇಳ್ತಾರೆ, ಇದು ನಟನೆಯೋ, ಫೋಟೋಗ್ರಫಿಯೋ, ಸಿನಿಮಾವೋ, ಯಾವುದಾದರೂ ಒಂದು ಹೇಳು ಅಂತ. ಫೋಟೋ ತೆಗೆದವರು ಬೇರೆಯವರು, ಒಳಗೆ ನಿಂತವರು ಇವರು. ಹಾಗಾದರೆ ಕೆಲಸ ಯಾರದ್ದು? ಮನೆಯಲ್ಲಿ ಅಮ್ಮನಿಗೆ ತೋರಿಸಿದೆ. "ನಮ್ಮ ಸ್ಕೂಲ್ ಡೇಲಿ ಛದ್ಮವೇಷ ಹಾಕ್ತಿದ್ವಲ್ಲ, ಅದೇ ತಾನೆ?" ಅಂದುಬಿಟ್ಟರು. ಉತ್ತರ ಹೊಳೆಯಲಿಲ್ಲ.

ನಾಲ್ಕುನಾಡು, ಕಕ್ಕಬ್ಬೆ:
ಅಮ್ಮ ಸರಿಯಾಗೇ ಹೇಳಿದ್ದಾರೆ. ವೀಕೆಂಡ್ ಬಂದರೆ ಸಾಕು, ಕೊಡವರ ಕುಪ್ಯ (ಉದ್ದ ಕೋಟು), ಚೇಲೆ (ಸೊಂಟಪಟ್ಟಿ) ಬಾಡಿಗೆಗೆ ತಂದು ಏರಿಸಿ, ಸೊಂಟಕ್ಕೆ ಪೀಚೆಕತ್ತಿ ಸಿಕ್ಕಿಸಿ, ಮೀಸೆ ತಿರುವಿ ಫೋಟೋ ತೆಗೆಸಿಕೊಳ್ಳೋ ಟೂರಿಸ್ಟ್‌ಗಳನ್ನು ನೋಡಿ ನೋಡಿ ಸಾಕಾಗಿದೆ. ಅವರೂ ಕಲಾವಿದರೇ ಹಾಗಾದರೆ? ಗ್ಯಾಲರಿ ಗೋಡೆಗೆ ನೇತುಹಾಕಿದರೆ ಕಲೆ, ವಾಟ್ಸಾಪ್ ಡಿಪಿ ಹಾಕಿದರೆ ಷೋಕಿ. ಇಷ್ಟೇ ವ್ಯತ್ಯಾಸ.

ಹಳೇಸ್ಟುಡಿಯೋ, ವಿರಾಜಪೇಟೆ:
ನಾಲ್ಕುನಾಡು ಸಾಹೇಬ್ರೇ, ತುಸು ತಡೀರಿ. ಸ್ಟುಡಿಯೋ ಇಟ್ಟು ಹೊಟ್ಟೆ ಹೊರೆದವನು ನಾನು, ಇದರ ಬಗ್ಗೆ ಎರಡು ಮಾತು ನನಗೂ ಇದೆ.

ಡಿಜಿಟಲ್ ಬರೋ ಮುಂಚೆ ನಮ್ಮ ಸ್ಟುಡಿಯೋದಲ್ಲಿ ಒಂದು ಪರದೆ ಇತ್ತು. ಬಟ್ಟೆ ಮೇಲೆ ಡಿಸ್ಟೆಂಪರ್‌ನಲ್ಲಿ ಬರೆದದ್ದು. ಎಡಕ್ಕೆ ಮೆಟ್ಟಿಲು, ಕಂಬ, ಬಲಕ್ಕೆ ಕೊಳ, ಕೊಳದಲ್ಲಿ ಹಂಸ. ಮದುವೆಯಾದ ಜೋಡಿ ಅದರ ಮುಂದೆ ನಿಂತರೆ, ಅವರ ಕಾಲಿನ ಹತ್ತಿರ ಪರದೆಯ ಅಂಚು ನೆಲಕ್ಕೆ ಸೇರೋ ಕಡೆ ಒಂದು ಮಡಿಕೆ ಬೀಳುತ್ತಿತ್ತು. ಆ ಮಡಿಕೆ ಮುಚ್ಚೋದಕ್ಕೇ ನಮ್ಮಪ್ಪ ಒಂದು ಹೂಕುಂಡ ಇಟ್ಟುಕೊಂಡಿದ್ದರು. ನೆಗೆಟಿವ್‌ನ ಎಮಲ್ಷನ್ ಮಗ್ಗುಲಿಗೆ ಮೊನಚು ಪೆನ್ಸಿಲ್‌ನಲ್ಲಿ ಟಚಪ್: ಕಣ್ಣ ಕೆಳಗಿನ ಕಪ್ಪು ಹೋಗಬೇಕು, ಮೊಡವೆ ಹೋಗಬೇಕು. ಕಲರ್ ಬೇಕು ಅಂದವರಿಗೆ ಕಪ್ಪುಬಿಳುಪು ಪ್ರಿಂಟಿನ ಮೇಲೇ ಬಣ್ಣ. ಬೆಂಕಿಕಡ್ಡಿಗೆ ಹತ್ತಿ ಸುತ್ತಿ ಕೆನ್ನೆಗೆ ಗುಲಾಬಿ, ಸೀರೆಯ ಜರಿಗೆ ಹಳದಿ, ತುಟಿಗೆ ಎಲ್ಲಕ್ಕಿಂತ ಕೊನೆಗೆ. ತುಟಿ ಕೆಟ್ಟರೆ ಪ್ರಿಂಟೇ ಹಾಳು.

ಇಷ್ಟುದ್ದ ಯಾಕೆ ಹೇಳಿದೆ ಅಂದರೆ, ಈಯಮ್ಮ ಕೈ ಹಾಕಿದ್ದು ಸರಿಯಾಗಿ ಈ ಜಾಗಕ್ಕೆ. 1998ರ 'ಸುನಹರೇ ಸಪ್ನೆ' ಸರಣಿಯ ಫೋಟೋಗಳಿಗೆ ಕೈಯಲ್ಲೇ ಬಣ್ಣ ಹಾಕಿಸಿದ್ದಾರೆ. ಒಬ್ಬ ಸಾಮಾನ್ಯ ಗೃಹಿಣಿ, ಅವಳ ಕನಸಿನಲ್ಲಿ ಬಂಗಾರದ ಬಣ್ಣದ ಗೌನು ತೊಟ್ಟ ಇನ್ನೊಬ್ಬಳು, ಎರಡೂ ಇವರೇ. ಆಮೇಲೆ ಬಾಂಬೆಯಲ್ಲಿ ಜೆ.ಎಚ್. ಠಕ್ಕರ್ ಅವರ ಇಂಡಿಯಾ ಫೋಟೋ ಸ್ಟುಡಿಯೋಗೇ ಹೋಗಿ ಕೂತು ಭಾವಚಿತ್ರ ತೆಗೆಸಿಕೊಂಡರು. ಠಕ್ಕರ್ ಅಂದರೆ 50ರ ದಶಕದ ಹಿಂದಿ ಸಿನಿಮಾ ತಾರೆಯರ ಫೋಟೋ ತೆಗೆದವರು. ಆ ಗಡಸು ಲೈಟು, ಗಲ್ಲದ ಕೆಳಗಿನ ನೆರಳು, ನೆತ್ತಿಯ ಹಿಂದಿನ ಹೊಳಪು, ಎಲ್ಲ ಅವರ ಕೈಚಳಕ. ಅದನ್ನು ಕಂಪ್ಯೂಟರಲ್ಲಿ ನಕಲು ಮಾಡಲಿಲ್ಲ, ಆ ಮೇಷ್ಟ್ರ ಮುಂದೆಯೇ ಹೋಗಿ ಕೂತರು. ನನಗೆ ಗೌರವ ಬಂದದ್ದು ಅಲ್ಲಿಗೆ.

ಇನ್ನೊಂದು. ನಮ್ಮಪ್ಪ ಹೂಕುಂಡ ಇಟ್ಟು ಮುಚ್ಚುತ್ತಿದ್ದರಲ್ಲ ಆ ಮಡಿಕೆ, ಈಯಮ್ಮ ಅದನ್ನು ಮುಚ್ಚೋದಿಲ್ಲ. ಪರದೆ ಪರದೆಯಾಗಿಯೇ ಕಾಣುತ್ತೆ. ಟೂರಿಸ್ಟ್ ಫೋಟೋದಲ್ಲಿ ಹಾಗೆ ಕಾಣೋ ಹಾಗಿಲ್ಲ, ಅವನಿಗೆ ಒಂದು ಕ್ಲಿಕ್ಕಿನ ಮಟ್ಟಿಗಾದರೂ ಅಸಲಿ ಕೊಡವ ಆಗಬೇಕು.

ಮಂಜುಮುಸುಕು:
ಅಬ್ಬಾ ಅಂಕಲ್, ಇದನ್ನು ಹಾಗೇ ಪ್ರಬಂಧಕ್ಕೆ ಹಾಕಿಕೊಳ್ಳಬಹುದಾ?

ಹಳೇಸ್ಟುಡಿಯೋ:
ಹಾಕ್ಕೋ. ಹೆಸರು ಮಾತ್ರ ಬೇಡ.

ಮಂಟಪದಹುಡುಗ, ಮಡಿಕೇರಿ:
ನಾನು ದಸರಾ ಮಂಟಪಕ್ಕೆ ವೆಲ್ಡಿಂಗ್, ಲೈಟಿಂಗ್ ಮಾಡೋನು. ಮಡಿಕೇರಿಯವರಿಗೆ ಸ್ತಬ್ಧಚಿತ್ರ ಏನು ಹೊಸದಲ್ಲ. ವಿಜಯದಶಮಿ ರಾತ್ರಿ ಹತ್ತು ಮಂಟಪ, ಬೆಳಗಿನವರೆಗೆ ಜನ. ಈಗ ಎಲ್ಲ ಮೂವಿಂಗು, ಹೊಗೆ, ಸೌಂಡು. ಸ್ತಬ್ಧ ಅನ್ನೋದೇ ಉಳಿದಿಲ್ಲ, ಅದು ಬೇರೆ ಮಾತು.

2014ರ ಕೊಚ್ಚಿ ಬಿನಾಲೆಗೆ, ಅಂದರೆ ಎರಡು ವರ್ಷಕ್ಕೊಮ್ಮೆ ನಡೆಯೋ ದೊಡ್ಡ ಕಲಾ ಪ್ರದರ್ಶನಕ್ಕೆ, ಗೆಳೆಯರ ಜೊತೆ ಹೋಗಿದ್ದೆ, ಮಾಕುಟ್ಟ ಇಳಿದು ಕಣ್ಣೂರಲ್ಲಿ ರೈಲು ಹತ್ತಿ. ಅಲ್ಲಿ ಈ ಮೇಡಂದು ವಾಸ್ಕೋ ಡ ಗಾಮಾ ಇತ್ತು. ಪೋರ್ಚುಗಲ್‌ನ ವೆಲೋಸೊ ಸಾಲ್ಗಾದೊ 1898ರಲ್ಲಿ ಬರೆದ ದೊಡ್ಡ ಪೇಂಟಿಂಗ್, ಗಾಮಾ ಕಲ್ಲಿಕೋಟೆಯ ರಾಜ ಝಾಮೊರಿನ್ ಆಸ್ಥಾನಕ್ಕೆ ಬಂದು ನಿಂತಿರೋದು. ಇವರು ಅದೇ ದೃಶ್ಯಕ್ಕೆ ಸೆಟ್ ಹಾಕಿ, ಜನರನ್ನು ನಿಲ್ಲಿಸಿ ಫೋಟೋ ಮಾಡಿಸಿದ್ದಾರೆ. ಗಾಮಾ ಯಾರು ಅಂದ್ಕೊಂಡ್ರಿ? ಇವರೇ! ಗಡ್ಡ ಅಂಟಿಸಿಕೊಂಡು. ಬರೆಸಿದ ಪರದೆ, ಸೆಟ್ಟಿನ ಸಾಮಾನೂ ಅಲ್ಲೇ ಇಟ್ಟಿದ್ದರು. ನಾನು ಫೋಟೋ ಬಿಟ್ಟು ಸಾಮಾನೇ ನೋಡ್ತಾ ನಿಂತುಬಿಟ್ಟೆ. ನಮ್ಮಲ್ಲಿ ಮಂಟಪ ಬಿಚ್ಚಿದ ಮೇಲೆ ಥರ್ಮಾಕೋಲ್ ರಾಕ್ಷಸನ ತಲೆ ಗೋಡೌನ್ ಮೂಲೆಯಲ್ಲಿ ಬಿದ್ದಿರುತ್ತಲ್ಲ, ಅದನ್ನೇ ಪ್ರದರ್ಶನಕ್ಕೆ ಇಟ್ಟ ಹಾಗೆ. ಇತಿಹಾಸ ಪುಸ್ತಕದ ಗಾಮಾ ಬಂದ ಸೀನೂ ಯಾರೋ ಕಟ್ಟಿದ ಮಂಟಪವೇ ಅಂತ ಅವತ್ತು ತಲೆಗೆ ಹೊಕ್ಕಿತು.

ನಾಲ್ಕುನಾಡು:
ಗಡ್ಡ ಅಂಟಿಸಿಕೊಂಡ ಹೆಂಗಸು ನೋಡೋಕೆ ಕೊಚ್ಚಿಗೆ ಯಾಕೆ ಹೋಗಬೇಕು? ಬೇಡು ಹಬ್ಬದಲ್ಲಿ ಸೀರೆ ಉಟ್ಟ ಗಂಡಸರು ಇಲ್ಲೇ ಸಿಗ್ತಾರೆ.

ತಿತಿಮತಿಹಾಡಿ:
ಹಬ್ಬದ ಮಾತು ಬಂದದ್ದಕ್ಕೆ ಬರೀತಿದ್ದೇನೆ. ಬೇಡು ಹಬ್ಬ ಅಂದರೆ ದೇವರಪುರದ ನಮ್ಮ ಕುಂಡೆ ಹಬ್ಬವೇ, ಅದರಲ್ಲಿ ನಾವು ವೇಷ ಹಾಕೋದು, ಬೈಯೋದು ದೇವರಿಗೆ ಸಲ್ಲೋ ಲೆಕ್ಕ. ಈಚೆಗೆ ಅದನ್ನೂ ಕ್ಯಾಮೆರಾ ಹಿಡಿದವರು ಸುತ್ತುವರಿದಿರುತ್ತಾರೆ. ಅದನ್ನು ನಗೋದಕ್ಕೆ ಹೋಲಿಕೆ ಕೊಡಬೇಡಿ.

ಪುಷ್ಪಮಾಲಾ ಅವರ ಒಂದು ಚಿತ್ರ ನೋಡಿದೆ, ನೀಲಗಿರಿಯ ತೋದ ಬುಡಕಟ್ಟಿನ ಹೆಂಗಸಿನ ವೇಷದ್ದು. ನನಗೆ ಒಂದು ಪ್ರಶ್ನೆ ಇದೆ. ಆ ವೇಷ ಅವರು ಸಂಜೆ ಬಿಚ್ಚಿಟ್ಟು ಮನೆಗೆ ಹೋಗಬಹುದು. ಮೊದಲು ಆ ಫೋಟೋಗೆ ನಿಂತಿದ್ದ ತೋದ ಹೆಂಗಸಿಗೆ ಅದು ಆಗ್ತಿತ್ತಾ? ನಮ್ಮ ಅಜ್ಜನ ಕಾಲದಲ್ಲಿ ಯಾರೋ ಬಂದು ನಮ್ಮ ಹಾಡಿಯವರನ್ನೆಲ್ಲ (ಹಾಡಿ ಅಂದರೆ ಬುಡಕಟ್ಟಿನವರ ಊರು) ಸಾಲಾಗಿ ನಿಲ್ಲಿಸಿ ಫೋಟೋ ತೆಗೆದುಕೊಂಡು ಹೋದರಂತೆ. ಒಂದು ಪ್ರತಿಯೂ ನಮಗೆ ಬರಲಿಲ್ಲ. ಎಲ್ಲಿದೆಯೋ.

ನಿರ್ವಾಹಕ:
ನಾಲ್ಕುನಾಡು, ಹಬ್ಬದ ಬಗ್ಗೆ ಹಗುರ ಮಾತು ಬೇಡ. ಚರ್ಚೆ ಮುಂದುವರಿಯಲಿ.

ಚರಿತ್ರೆಮೇಡಂ, ಗೋಣಿಕೊಪ್ಪ:
ತಿತಿಮತಿಹಾಡಿ ಕೇಳಿದ್ದು ಈ ಚರ್ಚೆಯ ಬೆನ್ನುಮೂಳೆ. ಅದಕ್ಕೆ ನಿಧಾನವಾಗಿ ಬರುತ್ತೇನೆ.

ಆ ಚಿತ್ರ ಇರೋದು 'ನೇಟಿವ್ ವಿಮೆನ್ ಆಫ್ ಸೌತ್ ಇಂಡಿಯಾ: ಮ್ಯಾನರ್ಸ್ ಅಂಡ್ ಕಸ್ಟಮ್ಸ್' ಸರಣಿಯಲ್ಲಿ. 2000ದಿಂದ 2004ರವರೆಗೆ, ಬೆಂಗಳೂರಿನಲ್ಲೇ ನೆಲೆಸಿರುವ ಬ್ರಿಟಿಷ್ ಫೋಟೋಗ್ರಾಫರ್ ಕ್ಲೇರ್ ಆರ್ನಿ ಜೊತೆ ಸೇರಿ ಮಾಡಿದ್ದು. ಬೆಂಗಳೂರಿನ ಇಂಡಿಯಾ ಫೌಂಡೇಶನ್ ಫಾರ್ ದಿ ಆರ್ಟ್ಸ್ ಅನುದಾನ ಕೊಟ್ಟಿತ್ತು. ಅದರ ಮುಖ್ಯ ಭಾಗದಲ್ಲಿ ಹತ್ತು ಮಾದರಿ ಹೆಂಗಸರು. ರವಿವರ್ಮನ ಲಕ್ಷ್ಮಿ, ಬೆಳದಿಂಗಳಲ್ಲಿ ಕೂತವಳು, ಕೆರೆಯಿಂದ ನೀರು ತರುವವಳು, ವೇಳಾಂಕಣ್ಣಿ ಮಾತೆ, ಬಿಜಾಪುರದ ಕಿರುಚಿತ್ರದ ಯೋಗಿನಿ, ಚಾವಟಿ ಹಿಡಿದ ಸಿನಿಮಾ ನಾಯಕಿ, ಪೊಲೀಸರಿಗೆ ಸಿಕ್ಕಿಬಿದ್ದು ಪತ್ರಿಕೆಯಲ್ಲಿ ಫೋಟೋ ಬಂದ ಕಳ್ಳಿಯರು. ಈ ಸಾಲಿನಲ್ಲೇ 19ನೇ ಶತಮಾನದ ಕೊನೆಯ ಅಳತೆ ಫೋಟೋದಿಂದ ತೆಗೆದ ತೋದ ಹೆಂಗಸು. ದೇವಿಯೂ ಕಳ್ಳಿಯೂ ಒಂದೇ ಅಳತೆಯ ಚೌಕಟ್ಟಿನಲ್ಲಿ, ಒಂದೇ ಮುಖದಲ್ಲಿ. ಅಲ್ಲಿಗೇ ವರ್ಗೀಕರಣ ಕುಸಿಯುತ್ತದೆ.

ಅಳತೆ ಫೋಟೋ ಅಂದರೇನು ಅಂತ ನಮ್ಮ ಮಕ್ಕಳಿಗೆ ಗೊತ್ತಿಲ್ಲ. 1869ರಲ್ಲಿ ಲ್ಯಾಂಪ್ರಿ ಅನ್ನೋವನು ಮರದ ಚೌಕಟ್ಟಿಗೆ ರೇಷ್ಮೆ ದಾರ ಕಟ್ಟಿ, ಎರಡೆರಡು ಇಂಚಿನ ಚೌಕಗಳ ಪರದೆ ಮಾಡಿದ. ಅದರ ಮುಂದೆ ಮನುಷ್ಯರನ್ನು ಬತ್ತಲೆ ನಿಲ್ಲಿಸಿ ಫೋಟೋ ತೆಗೆದರೆ, ಯಾವ ಜನಾಂಗದವರ ಕೈ ಎಷ್ಟುದ್ದ, ಕಾಲು ಎಷ್ಟುದ್ದ ಅಂತ ಕೂತಲ್ಲೇ ಲೆಕ್ಕ ಹಾಕಬಹುದು ಅನ್ನೋ ಯೋಜನೆ. ಅದೇ ಸುಮಾರಿಗೆ, 1868ರಿಂದ 1875ರ ನಡುವೆ, 'ದಿ ಪೀಪಲ್ ಆಫ್ ಇಂಡಿಯಾ' ಅಂತ ಎಂಟು ಸಂಪುಟ ಬಂತು, ಈ ದೇಶದ ಜಾತಿ ಬುಡಕಟ್ಟುಗಳ ಫೋಟೋ ಅಂಟಿಸಿ.

ಇನ್ನು ನಮ್ಮ ಮನೆ ಬಾಗಿಲಿಗೆ ಬರೋಣ. 1901ರಲ್ಲಿ ಬಂಗಾಳದ ಏಷ್ಯಾಟಿಕ್ ಸೊಸೈಟಿಯ ನಿಯತಕಾಲಿಕದಲ್ಲಿ ಟಿ.ಎಚ್. ಹಾಲೆಂಡ್ ಬರೆದ ಒಂದು ಲೇಖನವಿದೆ, ಕೊಡವರನ್ನೂ ಕೊಡಗಿನ ಬುಡಕಟ್ಟಿನವರಾದ ಯರವರನ್ನೂ ಅಕ್ಕಪಕ್ಕ ಇಟ್ಟು ಇವರು ಎಷ್ಟು ಭಿನ್ನ ಅಂತ ತೋರಿಸೋದಕ್ಕೆ. ಈ ಹಾಲೆಂಡ್ ಯಾರು? ಭೂವಿಜ್ಞಾನಿ. ಚಾರ್ನೊಕೈಟ್ ಶಿಲೆಗೆ ಹೆಸರಿಟ್ಟವನು. ಕಲ್ಲು ನೋಡೋದಕ್ಕೆ ಬಂದವನು ತಲೆ ಮೂಗುಗಳ ಅಳತೆಗೂ ಇಳಿದ! ಆಳುವವರ ಕಣ್ಣಿಗೆ ಎರಡೂ ಒಂದೇ ಬಗೆಯ ಸರಕು. ನಾಲ್ಕುನಾಡು, ನೀವೂ ಅಳತೆಯಾದವರೇ, ತಿಳಿದಿರಲಿ.

ಪುಷ್ಪಮಾಲಾ ಸರಣಿಯ ಇನ್ನೊಂದು ಭಾಗದಲ್ಲಿ ಇದೇ ಚೌಕಳಿ ಪರದೆಯ ಮುಂದೆ ಕಂದು ಬಣ್ಣದ ಫೋಟೋಗಳಿವೆ. ಅಳತೆ ಕಡ್ಡಿ, ಕ್ಯಾಲಿಪರ್ ಎಲ್ಲ ಇದೆ. ಅಳತೆ ಮಾಡಿಸಿಕೊಳ್ಳುವವಳು ಇವರೇ. ಅಲ್ಲಿ ನೋಡುವವರಿಗೆ ಕಸಿವಿಸಿ ಆಗುತ್ತದೆ, ಆಗಲೇಬೇಕು. ಅಲ್ಲದೆ ಈ ಸರಣಿಯಲ್ಲಿ ಹೆಂಗಸು ಮಾದರಿಯೂ ಹೌದು, ದೃಶ್ಯ ಕಟ್ಟುವವಳೂ ಹೌದು. ನಿಮ್ಮ ಗೈಡ್‌ಗೆ ಕೊಡಬೇಕಾದ ಉತ್ತರ ಅದು, ಮಂಜುಮುಸುಕು. ಫೋಟೋ ಗುಂಡಿ ಒತ್ತಿದವರು ಯಾರು ಅನ್ನೋದಲ್ಲ, ಯಾರು ಎಲ್ಲಿ ಹೇಗೆ ನಿಲ್ಲಬೇಕು ಅಂತ ಹೇಳಿದವರು ಯಾರು ಅನ್ನೋದು. ವಸಾಹತು ಫೋಟೋದಲ್ಲಿ ನಿಂತವಳು ಅದನ್ನು ಹೇಳೋ ಹಾಗಿರಲಿಲ್ಲ. ಇಲ್ಲಿ ನಿಂತವಳೇ ಹೇಳಿದ್ದಾಳೆ.

ತಿತಿಮತಿಹಾಡಿ ಕೇಳಿದ್ದಕ್ಕೆ ಇದು ಪೂರಾ ಉತ್ತರವಲ್ಲ. ಬೆಂಗಳೂರಿನ ಕಲಾವಿದೆಗೆ ಲಕ್ಷ್ಮಿಯ ವೇಷವೂ ತೋದ ವೇಷವೂ ಒಂದೇ ಸಲೀಸಿಗೆ ಸಿಗುತ್ತದೆ ಅನ್ನೋದೇ ಒಂದು ಅಧಿಕಾರ. ಅದನ್ನು ಪ್ರಬಂಧದಲ್ಲಿ ಬರೆಯಲೇಬೇಕು.

ತಿತಿಮತಿಹಾಡಿ:
ಮೇಡಂ, ಒಪ್ಪಿದೆ ಅಂತ ಹೇಳಲಾರೆ. ಆದರೆ ಹಾಲೆಂಡ್ ಲೇಖನದ ಪ್ರತಿ ಇದ್ದರೆ ಕಳಿಸಿ. ಯಾರನ್ನು ಅಳೆದ ಅಂತ ನೋಡಬೇಕು.

ಚರಿತ್ರೆಮೇಡಂ:
ಇದೆ. ಮೆಸೇಜ್ ಮಾಡಿ.

ಮಿಲಿಟರಿಮಗಳು, ಪೊನ್ನಂಪೇಟೆ:
ಎಲ್ರೂ ಫೋಟೋ ಹಿಡ್ಕೊಂಡಿದ್ದೀರಿ, ಸಿನಿಮಾ ಬಿಟ್ಟೇಬಿಟ್ಟಿರಿ. ನನಗೆ ಹಿಡಿಸಿದ್ದು 2004ರ 'ರಾಷ್ಟ್ರೀಯ ಖೀರ್ ಅಂಡ್ ದೇಸೀಯ ಸಲಾಡ್'. ಹನ್ನೊಂದು ನಿಮಿಷ, ಕಪ್ಪುಬಿಳುಪು, ಮಾತಿಲ್ಲ. ತಮ್ಮ ಅಮ್ಮ ಮತ್ತು ಅತ್ತೆಯ ಹಳೇ ಅಡುಗೆ ಪುಸ್ತಕಗಳಿಂದ ಎತ್ತಿಕೊಂಡದ್ದು. ಸ್ವಾತಂತ್ರ್ಯ ಬಂದ ಹೊಸದರ ಮಾದರಿ ಸಂಸಾರ: ಮಿಲಿಟರಿ ಅಪ್ಪ, ಅಮ್ಮ, ಮಗ. ಕಪ್ಪುಹಲಗೆಯ ಮುಂದೆ ಬಂದು ಬರೆಯುತ್ತಾರೆ, ಅಳಿಸುತ್ತಾರೆ.

ಕೊಡಗಿನಲ್ಲಿ ಇದಕ್ಕೆ ಟಿಪ್ಪಣಿ ಬೇಕಾ? ಮಿಲಿಟರಿ ಇಲ್ಲದ ಮನೆ ಎಷ್ಟಿದೆ ಇಲ್ಲಿ? ನಮ್ಮಮ್ಮನ ಹತ್ತಿರ ಒಂದು ನೋಟ್‌ಬುಕ್ ಇದೆ, ರಟ್ಟು ಹೋಗಿ ಬ್ರೌನ್ ಪೇಪರ್ ಬೈಂಡ್ ಹಾಕಿದ್ದು. ಪಂದಿ ಕರಿಗೆ ಕಾಚಂಪುಳಿ ಎಷ್ಟು ಚಮಚ ಅಂತ ಬರೆದ ಪುಟದ ಎದುರಿಗೇ ರಷ್ಯನ್ ಸಲಾಡ್. ಅದರ ಕೆಳಗೆ ಕ್ಯಾರಮೆಲ್ ಕಸ್ಟರ್ಡ್, ಯಾರೋ ಕರ್ನಲ್ ಹೆಂಡತಿ ಹೇಳಿಕೊಟ್ಟದ್ದು ಅಂತ ಬ್ರಾಕೆಟ್ಟಲ್ಲಿ. ಅಂಬಾಲದಲ್ಲಿ ಕಲಿತ ರಾಜ್ಮಾ, ಶಿಲ್ಲಾಂಗ್‌ನಲ್ಲಿ ಕಲಿತ ಏನೋ ಒಂದು ಸೂಪ್. ಮಧ್ಯದಲ್ಲಿ ಹಾಲಿನ ಲೆಕ್ಕ, ನನ್ನ ಲಸಿಕೆಯ ತಾರೀಖು. ಯಾವ ಪೋಸ್ಟಿಂಗ್‌ನಲ್ಲಿ ಎಷ್ಟು ದಿನ ಇದ್ದರು ಅಂತ ಆ ಪುಸ್ತಕದ ಇಂಕಿನಿಂದಲೇ ಹೇಳಬಹುದು. ಅಪ್ಪನ ಮೆಡಲ್‌ಗಳಿಗೆ ಗಾಜಿನ ಪೆಟ್ಟಿಗೆ, ಅಮ್ಮನ ನೋಟ್‌ಬುಕ್ ಮಿಕ್ಸಿ ಹಿಂದೆ. ರಾಷ್ಟ್ರ ಕಟ್ಟಿದ ಕತೆಯನ್ನು ಆ ಮಿಕ್ಸಿ ಹಿಂದಿನ ಪುಸ್ತಕದಿಂದ ಹೇಳಬಹುದು ಅಂತ ಹೊಳೆದದ್ದೇ ಈ ಸಿನಿಮಾದ ದೊಡ್ಡಸ್ತಿಕೆ. ದೊಡ್ಡ ಭಾಷಣ ಇಲ್ಲ, ತಮಾಷೆಯಾಗಿದೆ. ನೋಡಿ ನಕ್ಕೆ. ಆಮೇಲೆ ಅಮ್ಮನ ನೋಟ್‌ಬುಕ್ ಸ್ಕ್ಯಾನ್ ಮಾಡಿಸಿದೆ.

ಮಂಜುಮುಸುಕು:
ಅಕ್ಕ, 'ಇಂಡಿಯನ್ ಲೇಡಿ' ನೋಡಿದ್ದೀರಾ? 1997ರದ್ದು, ಅವರ ಮೊದಮೊದಲ ವಿಡಿಯೋ. ಸೀರೆ ಉಟ್ಟ ಹೆಂಗಸು, ಹಿಂದೆ ಬಾಂಬೆ ಕಟ್ಟಡಗಳ ಬರೆದ ಪರದೆ. ಬರ್ತಾಳೆ, ಕುಣಿಯೋ ಹಾಗೆ ಮಾಡ್ತಾಳೆ, ನಾಚ್ತಾಳೆ. ಅಷ್ಟೇ.

ಮಿಲಿಟರಿಮಗಳು:
ನೋಡಿದ್ದೇನೆ. ಅದು ಚಿಟಿಕೆ. 2006ರ 'ಪ್ಯಾರಿಸ್ ಆಟಮ್' ಬೇರೆ ಮಟ್ಟದ್ದು. 35 ನಿಮಿಷದ ಸಿನಿಮಾ, ಬಹುಪಾಲು ನಿಂತ ಫೋಟೋಗಳನ್ನು ಜೋಡಿಸಿಯೇ ಕಟ್ಟಿದ್ದು. ಪ್ಯಾರಿಸ್‌ಗೆ ಹೋದ ಕಲಾವಿದೆಗೆ ಫ್ರಾನ್ಸಿನ ಹಳೇ ರಾಜ ನಾಲ್ಕನೇ ಹೆನ್ರಿಯ ಪ್ರೇಯಸಿ ಗೇಬ್ರಿಯೆಲ್ ದೆಸ್ತ್ರೆಯ ಭೂತ ಗಂಟುಬೀಳೋ ಪತ್ತೇದಾರಿ. ಸ್ವಲ್ಪ ಎಳೆತ ಅನ್ನಿಸಿತು ನನಗೆ. ಆದರೆ ಯುರೋಪಿನವರು ಇಲ್ಲಿಗೆ ಬಂದು ನಮ್ಮನ್ನು ವಿಚಿತ್ರವಾಗಿ ನೋಡಿದ ಕಣ್ಣನ್ನು ಇವರು ಅಲ್ಲಿಗೆ ಹೋಗಿ ಅವರ ಮೇಲೇ ತಿರುಗಿಸಿದ್ದಾರೆ. ಆ ಖುಷಿಗೆ ಎಳೆತ ಮಾಫಿ.

ಹಳೇಸ್ಟುಡಿಯೋ:
ಫೋಟೋದಲ್ಲೇ ಸಿನಿಮಾ ಮಾಡೋ ಚಟ ಮುಂಚಿನಿಂದಲೂ ಇತ್ತು. 1996-98ರ 'ಫ್ಯಾಂಟಮ್ ಲೇಡಿ ಅಥವಾ ಕಿಸ್ಮತ್' ನೋಡಿ. ಅಗಲಿದ ಅವಳಿ ಅಕ್ಕತಂಗಿ, ಒಬ್ಬಳು ಮುಖವಾಡದ ಸಾಹಸಿ, ಇನ್ನೊಬ್ಬಳು ವ್ಯಾಂಪ್, ಡಬಲ್ ರೋಲು. ಹಳೇ ಹಿಂದಿ ಸ್ಟಂಟ್ ಸಿನಿಮಾಗಳ ನಾಯಕಿ ಫಿಯರ್‌ಲೆಸ್ ನಾಡಿಯಾ ನೋಡಿ ಬೆಳೆದವರಿಗೆ ಕೂಡಲೇ ಗುರುತು ಸಿಗುತ್ತೆ. ಒಂದೊಂದು ಫೋಟೋನೂ ಇಲ್ಲದ ಸಿನಿಮಾದ ಸ್ಟಿಲ್. ಥಿಯೇಟರ್ ಹೊರಗೆ ಗಾಜಿನ ಹಿಂದೆ ಹಾಕ್ತಿದ್ರಲ್ಲ, ಹಾಗೆ. ಸ್ಟಿಲ್ ನೋಡಿಯೇ ಕತೆ ಕಟ್ಟಿಕೊಂಡು ಟಿಕೆಟ್ ದುಡ್ಡು ಉಳಿಸಿದ ಗಿರಾಕಿ ನಾನು. 2012ರಲ್ಲಿ ಅದರ ಎರಡನೇ ಭಾಗ ಬಂತು, ಕಲರ್‌ನಲ್ಲಿ. ನನಗೆ ಕಪ್ಪುಬಿಳುಪೇ ಸರಿ.

ನಾಲ್ಕುನಾಡು:
ನನ್ನ ತಕರಾರು ಹಾಗೇ ಇದೆ. ಬಾಂಬೆ, ಪ್ಯಾರಿಸ್, ಕೊಚ್ಚಿ. ನೋಡಿದವರೆಲ್ಲ ಇಂಗ್ಲಿಷ್ ಓದೋ ಜನ. ನಮ್ಮ ಮಡಿಕೇರಿಯಲ್ಲಿ ಇದನ್ನೆಲ್ಲ ನೋಡೋದಕ್ಕೆ ಒಂದು ಗೋಡೆ ಇದೆಯಾ? ಕನ್ನಡದ ಹೆಂಗಸು ಅಂತೀರಿ, ಕನ್ನಡದಲ್ಲಿ ಏನು ಮಾಡಿದ್ದಾರೆ?

ಮಿಲಿಟರಿಮಗಳು:
ಗೋಡೆ ಇಲ್ಲ ಅನ್ನೋದು ನಿಜ, ಅದು ಅವರ ತಪ್ಪಲ್ಲ. ಕನ್ನಡದ್ದು ಕೇಳಿದಿರಲ್ಲ, ಸಾರು ಮಾಡಿದ್ದಾರೆ. ತಮಾಷೆ ಅಲ್ಲ. ಗೌರಿ ಲಂಕೇಶ್ ಕೊಲೆಯಾದದ್ದು 2017ರ ಸೆಪ್ಟೆಂಬರ್ 5ಕ್ಕೆ. ಆಮೇಲೆ ಇವರು ಭಾರತಮಾತೆಯ ವೇಷದಲ್ಲಿ ಜನರ ಮುಂದೆ ನಿಂತು 'ಗೌರಿ ಲಂಕೇಶ್‌ಸ್ ಅರ್ಜೆಂಟ್ ಸಾರು' ಅಂತ ಗೌರಿಯ ಸಾರನ್ನು ಮಾಡಿ ತೋರಿಸಿದರು. ಒಬ್ಬ ಪತ್ರಕರ್ತೆ ಪತ್ರಿಕೆ ಕೆಲಸದ ನಡುವೆ ಅವಸರಕ್ಕೆ ಮಾಡಿಕೊಳ್ತಿದ್ದ ಸಾರು, ಕಿರೀಟ ಇಟ್ಟ ದೇಶಮಾತೆಯ ಕೈಯಲ್ಲಿ. ಇದಕ್ಕಿಂತ ಕನ್ನಡ ಬೇಕಾ?

ಅವರು ಕಟ್ಟಿಕೊಂಡ ಕಾಲ್ಪನಿಕ ಸಂಸ್ಥೆಯ ಹೆಸರು ಸೋಂಬೇರಿಕಟ್ಟೆ. ಅದನ್ನೂ ಕೇಳಿಸಿಕೊಳ್ಳಿ.

ನಾಲ್ಕುನಾಡು:
ಸೋಂಬೇರಿಕಟ್ಟೆ! ಅದೊಂದು ಚೆನ್ನಾಗಿದೆ. ಬಾಕಿ ಆಮೇಲೆ.

ಮಂಟಪದಹುಡುಗ:
ಭಾರತಮಾತೆ ಸರಣಿಯೂ ಇದೆ ಅವರದ್ದು, 2005ರ ಆಸುಪಾಸಿನಿಂದ ಮಾಡ್ತಾ ಬಂದದ್ದು. ಹಳೇ ಕ್ಯಾಲೆಂಡರ್ ಚಿತ್ರಗಳ ಮೇಲೆ ಕಟ್ಟಿದ್ದು. ನಮ್ಮ ಆರ್ಟಿಸ್ಟ್ ಒಬ್ಬರಿಗೆ ತೋರಿಸಿದೆ, "ಸಿಂಹ ಸರಿಯಿಲ್ಲ, ಬೊಂಬೆ ಅಂತ ಗೊತ್ತಾಗುತ್ತೆ" ಅಂದರು. ಗೊತ್ತಾಗಬೇಕು ಅಂತಲೇ ಇಟ್ಟದ್ದು ಸ್ವಾಮಿ ಅಂದೆ. "ಹಾಗಾದರೆ ನಮಗೆ ಪ್ರೈಜ್ ಕೊಡೋ ತೀರ್ಪುಗಾರರಿಗೂ ಹೇಳು" ಅಂದರು.

ಮಂಜುಮುಸುಕು:
ಎಲ್ಲರಿಗೂ ದೊಡ್ಡ ಥ್ಯಾಂಕ್ಸ್. ಪ್ರಬಂಧದ ನಕ್ಷೆ ಬದಲಾಯಿಸುತ್ತಿದ್ದೇನೆ. ಹುಟ್ಟು, ಓದು, ಪ್ರಶಸ್ತಿ ಅಂತ ಸಾಲಾಗಿ ಬರೆಯೋದು ಬಿಟ್ಟು, ಅಳತೆ ಪರದೆಯಿಂದ ಶುರುಮಾಡುತ್ತೇನೆ. ಮೊದಲ ಅಧ್ಯಾಯ ಲ್ಯಾಂಪ್ರಿ, ಹಾಲೆಂಡ್ ಮತ್ತು 'ನೇಟಿವ್ ವಿಮೆನ್'. ಎರಡನೆಯದು ಸ್ಟುಡಿಯೋ ಮತ್ತು ಸ್ಟಿಲ್. ಮೂರನೆಯದು ಅಡುಗೆಮನೆ, ಖೀರಿನಿಂದ ಸಾರಿನವರೆಗೆ. 2019ರ ಚೆನ್ನೈ ಫೋಟೋ ಬಿನಾಲೆಗೆ ಅವರು ಕಲಾ ನಿರ್ದೇಶಕಿ ಆಗಿದ್ದರು, ಅದಕ್ಕೆ ಒಂದು ಪ್ಯಾರಾ ಸಾಕು ಅನ್ನಿಸುತ್ತೆ.

ತಿತಿಮತಿಹಾಡಿ ಅಣ್ಣ, ನೀವು ಕೇಳಿದ ಪ್ರಶ್ನೆಯನ್ನು ಮೊದಲ ಅಧ್ಯಾಯದಲ್ಲಿ ಪ್ರಶ್ನೆಯಾಗಿಯೇ ಇಡುತ್ತೇನೆ, ಉತ್ತರ ಕೊಟ್ಟ ಹಾಗೆ ನಟಿಸೋದಿಲ್ಲ. ನಿಮ್ಮ ಅಜ್ಜನ ಫೋಟೋ ಯಾವ ಇಸವಿಯದ್ದು ಅಂತ ಮನೆಯಲ್ಲಿ ಯಾರಿಗಾದರೂ ನೆನಪಿದೆಯಾ? ಯಾವ ಹಾಡಿಯಲ್ಲಿ ತೆಗೆದದ್ದು?

ತಿತಿಮತಿಹಾಡಿ:
ಇಸವಿ ಅಮ್ಮನಿಗೂ ಗೊತ್ತಿಲ್ಲ, ತಾವು ಹುಟ್ಟೋ ಮುಂಚೆ ಅಂತಾರೆ. ಜಾಗ ಗೊತ್ತು. ಭಾನುವಾರ ದೊಡ್ಡಪ್ಪನನ್ನು ಕೇಳಿ ಬರೀತೇನೆ. ಫೋಟೋ ಸಿಕ್ಕರೆ ಪ್ರಬಂಧಕ್ಕೆ ಹಾಕೋ ಮುಂಚೆ ನಮ್ಮನ್ನು ಕೇಳಬೇಕು.

ಮಂಜುಮುಸುಕು:
ಖಂಡಿತ. ಬರೆದುಕೊಟ್ಟೇ ಕೇಳುತ್ತೇನೆ.